ಕ್ಯಾನ್ಸರ್ ಚಿಕಿತ್ಸೆ: ಹಣ ಕಟ್ಟುವ ಮೊದಲು ರೇಷನ್ ಕಾರ್ಡ್ ತೋರಿಸಿ



ಮನೆಯಲ್ಲಿ ಒಬ್ಬರಿಗೆ ಕ್ಯಾನ್ಸರ್ ಎಂದು ಗೊತ್ತಾದ ಕೂಡಲೇ ಹೊಲ ಮಾರುವ, ಬಂಗಾರ ಅಡವಿಡುವ ಮಾತು ಶುರುವಾಗುತ್ತದೆ. ಅದಕ್ಕೂ ಮೊದಲು ಆಸ್ಪತ್ರೆಯಲ್ಲಿರುವ ‘ಆರೋಗ್ಯ ಮಿತ್ರ’ರನ್ನು ಕಾಣಿರಿ.

ಯಾವ ಯೋಜನೆ?
ಮಹಾತ್ಮ ಜ್ಯೋತಿರಾವ್ ಫುಲೆ ಜನ ಆರೋಗ್ಯ ಯೋಜನೆ. ಶಸ್ತ್ರಚಿಕಿತ್ಸೆ, ಕಿಮೋಥೆರಪಿ, ರೇಡಿಯೇಷನ್ ಮೂರೂ ಇದರಲ್ಲಿ ಸೇರಿವೆ. ಮೊದಲು ಒಂದು ಕುಟುಂಬಕ್ಕೆ ವರ್ಷಕ್ಕೆ 1.5 ಲಕ್ಷ ರೂಪಾಯಿ ಇತ್ತು. 2023ರ ಜುಲೈ ತಿಂಗಳ ಸರ್ಕಾರಿ ಆದೇಶದಿಂದ ಅದು 5 ಲಕ್ಷಕ್ಕೆ ಏರಿತು. ಹಳದಿ, ಕೇಸರಿ ಕಾರ್ಡಿನವರ ಜೊತೆಗೆ ಬಿಳಿ ಕಾರ್ಡಿನವರೂ ಸೇರಿದರು. ಆಸ್ಪತ್ರೆ ಯೋಜನೆಯ ಪಟ್ಟಿಯಲ್ಲಿ ಇರಬೇಕು, ಅಷ್ಟೇ. ವಿಚಾರಿಸಲು ಉಚಿತ ಸಂಖ್ಯೆ 155388.

ಕಾಗದಪತ್ರ
ರೇಷನ್ ಕಾರ್ಡ್, ಆಧಾರ್, ಬಯಾಪ್ಸಿ ವರದಿ ಜೊತೆಗಿರಲಿ. ನಮ್ಮವರಿಗೆ ತೊಡಕಾಗುವುದು ಹೆಸರಿನಲ್ಲಿ. ಒಂದರಲ್ಲಿ ‘ಈರಣ್ಣ’, ಇನ್ನೊಂದರಲ್ಲಿ ‘ವೀರಣ್ಣ’ ಎಂದಿದ್ದರೆ ಮಂಜೂರಾತಿ ತಡವಾಗಬಹುದು. ಆರೋಗ್ಯವಾಗಿರುವಾಗಲೇ ತಿದ್ದಿಸಿಕೊಳ್ಳಿ.

ಗಡಿಯ ಪ್ರಶ್ನೆ
ತಾಯಿ ಗಡಹಿಂಗ್ಲಜದಲ್ಲಿ, ಮಗಳು ಸಂಕೇಶ್ವರದಲ್ಲಿ ಇರುವ ಮನೆಗಳು ನಮ್ಮಲ್ಲಿ ಬಹಳ. ಸಾಮಾನ್ಯವಾಗಿ ಕಾರ್ಡ್ ಯಾವ ರಾಜ್ಯದ್ದೋ ಆ ರಾಜ್ಯದ ಯೋಜನೆ ಅನ್ವಯಿಸುತ್ತದೆ. ಮಹಾರಾಷ್ಟ್ರದ ಕಾರ್ಡ್ ಹಿಡಿದು ಬೆಳಗಾವಿಗೋ ಬೆಂಗಳೂರಿನ ಕಿದ್ವಾಯಿಗೋ ಹೊರಡುವ ಮುನ್ನ ಅಲ್ಲಿ ನಡೆಯುತ್ತದೆಯೇ ಎಂದು ಕೇಳಿಕೊಳ್ಳಿ. ಆಯುಷ್ಮಾನ್ ಭಾರತ್ ಕಾರ್ಡ್ ಇದ್ದವರಿಗೆ ಮಾತ್ರ ದೇಶದ ಯಾವುದೇ ನೋಂದಾಯಿತ ಆಸ್ಪತ್ರೆಯಲ್ಲಿ ಸೌಲಭ್ಯವಿದೆ.

ಮುಂಬೈಗೆ ಹೋಗಬೇಕಾದರೆ
ಪರೇಲ್‌ನ ಟಾಟಾ ಸ್ಮಾರಕ ಆಸ್ಪತ್ರೆಯಲ್ಲಿ ವೈದ್ಯಕೀಯ ಸಮಾಜ ಸೇವಾ ವಿಭಾಗವಿದೆ. ನೆರವು, ವಸತಿ ಬಗ್ಗೆ ಅಲ್ಲಿ ಕೇಳಿ. ದಾದರ್‌ನ ಗಾಡಗೆ ಮಹಾರಾಜ್ ಧರ್ಮಶಾಲೆಯಲ್ಲಿ ರೋಗಿಗಳು, ಅವರ ಮನೆಯವರು ಉಳಿಯುತ್ತಾರೆ. ಆಸ್ಪತ್ರೆಯ ಪ್ರಮಾಣಪತ್ರ ತೋರಿಸಿದರೆ ರೈಲಿನ ಸ್ಲೀಪರ್, ಥ್ರೀ ಎಸಿಯಲ್ಲಿ ರೋಗಿಗೆ ಪೂರ್ಣ ರಿಯಾಯಿತಿ, ಜೊತೆಗೆ ಹೋಗುವ ಒಬ್ಬರಿಗೆ ಶೇ. 75.

ತಡ ಬೇಡ
30 ವರ್ಷ ದಾಟಿದವರಿಗೆ ಬಾಯಿ, ಸ್ತನ, ಗರ್ಭಕಂಠದ ಕ್ಯಾನ್ಸರ್ ತಪಾಸಣೆ ಸರ್ಕಾರಿ ಆರೋಗ್ಯ ಕೇಂದ್ರಗಳಲ್ಲಿ ಉಚಿತ. ಇಚಲಕರಂಜಿಯ ಮಗ್ಗದ ಶೆಡ್‌ಗಳಲ್ಲಿ ತಂಬಾಕು ಹಾಕಿಕೊಳ್ಳುವ ಅಣ್ಣತಮ್ಮಂದಿರೇ, ಎರಡು ವಾರವಾದರೂ ಬಾಯಿಯ ಹುಣ್ಣು ಮಾಯದಿದ್ದರೆ ತೋರಿಸಿಕೊಳ್ಳಿ.

ಕೊನೆಯದಾಗಿ ಒಂದು ವಿನಂತಿ. ಮರಾಠಿ ಸರಿಯಾಗಿ ಬಾರದ ಹಿರಿಯರು ನೋವನ್ನು ಅರ್ಧ ಹೇಳಿ ಸುಮ್ಮನಾಗುತ್ತಾರೆ. ಅಂಥವರು ಆಸ್ಪತ್ರೆಗೆ ಹೊರಟರೆ ಎರಡೂ ಭಾಷೆ ಬಲ್ಲ ನಮ್ಮವರೊಬ್ಬರು ಜೊತೆಗೆ ಹೋಗೋಣ.