ಹಸಿರು ದೀಪವನ್ನೇ ನೋಡುತ್ತಿರಿ

ಆಷಾಢದ ಮಳೆ ಒಂದು ದಿನ ಹೊಳವಾದರೆ ಸಾಕು, ಸಾಗರ, ಹೊಸನಗರ, ತೀರ್ಥಹಳ್ಳಿ ಕಡೆಯ ತೋಟಗಳಲ್ಲಿ ಕೊಳೆ ಔಷಧಿ ಹೊಡೆಯುವ ಗಡಿಬಿಡಿ ಶುರುವಾಗುತ್ತದೆ. ಅಂಥದ್ದೇ ಒಂದು ದಿನ ನಮ್ಮ ತೋಟಕ್ಕೆ ಬಂದಿದ್ದ ಹುಡುಗ ಮರದಿಂದ ಇಳಿದವನೇ ಕನ್ನಡಕ ತೆಗೆದು ಅಂಗಿಯ ಒಳಬದಿಗೆ ಒರೆಸಿಕೊಂಡ. ಗಾಜಿನ ತುಂಬ ಮೈಲುತುತ್ತು, ಸುಣ್ಣದ ನೀಲಿ ಚುಕ್ಕೆ. ಮೈನಸ್ ನಾಲ್ಕು ಪವರ್ ಅಂತೆ. ಕನ್ನಡಕ ಇಲ್ಲದಿದ್ದರೆ ಕೊನೆ ಕಾಣುವುದಿಲ್ಲ, ಇದ್ದರೆ ಬೆವರಿಗೆ ಜಾರುತ್ತದೆ, ಮಳೆಗೆ ಮಬ್ಬಾಗುತ್ತದೆ.

"ಅಣ್ಣ, ಲೇಸರ್ ಮಾಡಿಸ್ಕೊಂಡ್ರೆ ಕನ್ನಡಕ ಹೋಗ್ತದಂತೆ. ಆದ್ರೆ ಎಚ್ಚರ ಇರೋವಾಗ್ಲೇ ಕಣ್ಣಿಗೆ ಮಾಡ್ತಾರಂತಲ್ಲ, ಅದೊಂದಕ್ಕೆ ಧೈರ್ಯ ಬರ್ತಿಲ್ಲ" ಎಂದ.

ಅಡಿಕೆ ಮರದ ತುದಿಯಲ್ಲಿ ಒಂದರಿಂದ ಇನ್ನೊಂದಕ್ಕೆ ತೂಗಿಕೊಂಡು ದಾಟುವವನ ಮಾತು ಇದು. ಅವನ ಅಂಜಿಕೆ ಸುಮ್ಮನೆ ಬಂದದ್ದಲ್ಲ. ಕೈಗೆ, ಕಾಲಿಗೆ ಏನು ಮಾಡಿದರೂ ಮುಖ ಆಚೆ ತಿರುಗಿಸಿಕೊಳ್ಳಬಹುದು. ಕಣ್ಣಿಗೆ ಮಾಡುವಾಗ ತಿರುಗಿಸುವುದು ಎಲ್ಲಿಗೆ?

ಅವನಿಗೆ ಅಂದು ಹೇಳಿದ್ದನ್ನೇ ಇಲ್ಲಿ ವಿವರವಾಗಿ ಬರೆಯುತ್ತಿದ್ದೇನೆ. ಹೌದು, ಎಚ್ಚರವಾಗಿಯೇ ಇರಬೇಕು. ಏಕೆಂದರೆ ಈ ಚಿಕಿತ್ಸೆಯಲ್ಲಿ ರೋಗಿಯ ನೋಟವೂ ಯಂತ್ರದ ಒಂದು ಭಾಗ. ನೀವು ನೋಡದಿದ್ದರೆ ಯಂತ್ರಕ್ಕೆ ಗುರಿ ಸಿಗುವುದಿಲ್ಲ.

ಎಚ್ಚರವಿದ್ದು ಕಣ್ಣಿನ ಶಸ್ತ್ರಚಿಕಿತ್ಸೆ ಮಾಡಿಸಿಕೊಂಡವರು ನಮ್ಮ ಮನೆಗಳಲ್ಲೇ ಇದ್ದಾರೆ. ಬೀಳಗಿಯ ಡಾ. ಎಂ. ಸಿ. ಮೋದಿ ಅವರು 1943ರಿಂದ ಊರೂರು ಸುತ್ತಿ ನೇತ್ರ ಶಿಬಿರ ನಡೆಸಿದರು. ಒಂದೇ ದಿನ 833 ಪೊರೆ ಶಸ್ತ್ರಚಿಕಿತ್ಸೆ, 1993ರ ಹೊತ್ತಿಗೆ ಒಟ್ಟು 6,10,564 ಎಂದು ಗಿನ್ನೆಸ್ ಪುಸ್ತಕ ದಾಖಲಿಸಿದೆ. ಅಷ್ಟು ಜನರನ್ನು ಪೂರ್ತಿ ಮಲಗಿಸಿ, ಮತ್ತೆ ಎಬ್ಬಿಸಿ ಕಳಿಸುವುದು ಆಗದ ಮಾತು. ಕಣ್ಣಿನ ಸುತ್ತ ಮಾತ್ರ ಮರಗಟ್ಟಿಸಿದರೆ ಸಾಕಾಗುತ್ತಿತ್ತು. ಇಂದು ಶಿವಮೊಗ್ಗದ ಹರಕೆರೆಯಲ್ಲಿರುವ ಶಂಕರ ಕಣ್ಣಿನ ಆಸ್ಪತ್ರೆಯವರು ಹಳ್ಳಿಗಳಲ್ಲಿ ಶಿಬಿರ ಮಾಡಿ, ಬಸ್ಸಿನಲ್ಲಿ ಕರೆದೊಯ್ದು, ಪೊರೆ ತೆಗೆದು ವಾಪಸು ಬಿಡುತ್ತಾರೆ. ಹಾಗೆ ಹೋಗಿ ಬಂದ ಅಜ್ಜಿಯನ್ನು ಕೇಳಿ ನೋಡಿ, ಡಾಕ್ಟರು ಏನೇನು ಮಾತಾಡಿದರು ಎಂಬುದನ್ನೆಲ್ಲ ಹೇಳುತ್ತಾರೆ.

ದೇಹದ ಒಂದೇ ಭಾಗವನ್ನು ಮರಗಟ್ಟಿಸುವ ವಿದ್ಯೆ ಶುರುವಾದದ್ದೇ ಕಣ್ಣಿನಿಂದ. 1884ರಲ್ಲಿ ವಿಯೆನ್ನಾದ ತರುಣ ವೈದ್ಯ ಕಾರ್ಲ್ ಕೊಲ್ಲರ್ ಕೊಕೇನ್ ದ್ರಾವಣವನ್ನು ಕಣ್ಣಿಗೆ ಹಾಕಿದರೆ ಮುಟ್ಟಿದ್ದು ತಿಳಿಯುವುದಿಲ್ಲ ಎಂದು ಕಂಡುಕೊಂಡರು. ಈಗ ಕೊಕೇನ್ ಇಲ್ಲ. ಅದರ ಬದಲು ಬಂದ ಪ್ರೊಪರಾಕೇನ್‌ನಂಥ ಹನಿ ಮದ್ದು ಅರ್ಧ ನಿಮಿಷದೊಳಗೆ ಕೆಲಸ ಮಾಡುತ್ತದೆ. ಲೇಸರಿಗೆ ಬೇಕಾದ ಅರಿವಳಿಕೆ ಸಾಮಾನ್ಯವಾಗಿ ಅಷ್ಟೇ. ಸೂಜಿ ಇಲ್ಲ.

ಇನ್ನು ಕೆಲಸ ನಡೆಯುವ ಜಾಗ. ಕಣ್ಣಿನ ಕಪ್ಪು ಭಾಗದ ಮೇಲೆ ಗಡಿಯಾರದ ಗಾಜಿನ ಹಾಗೆ ಕೂತಿರುವ ಪಾರದರ್ಶಕ ಪದರವೇ ಕಾರ್ನಿಯಾ. ನಡುವೆ ಅದರ ದಪ್ಪ ಸುಮಾರು 540 ಮೈಕ್ರಾನ್, ಅಂದರೆ ಬರೆಯುವ ಕಾಗದದ ಐದಾರು ಹಾಳೆ ಒತ್ತಿ ಜೋಡಿಸಿದಷ್ಟು. ಬೆಳಕನ್ನು ಬಾಗಿಸುವ ಕೆಲಸದಲ್ಲಿ ಮೂರನೇ ಎರಡು ಪಾಲನ್ನು ಕಾರ್ನಿಯಾ ಒಂದೇ ಮಾಡುತ್ತದೆ. ಅದರಲ್ಲಿ ರಕ್ತನಾಳಗಳಿಲ್ಲ, ಆಮ್ಲಜನಕವನ್ನು ಹೆಚ್ಚಾಗಿ ಕಣ್ಣೀರಿನ ಮೂಲಕ ಗಾಳಿಯಿಂದಲೇ ಪಡೆಯುತ್ತದೆ. ನರಗಳಂತೂ ಅಪಾರ. ಅದಕ್ಕೇ ಒಂದು ಧೂಳಿನ ಕಣ ಬಿದ್ದರೂ ನಾವು ಒದ್ದಾಡುವುದು.

ಕಾರ್ನಿಯಾ ಪದರ ಪದರವಾಗಿ ಬಿಡಿಸಿಕೊಳ್ಳುತ್ತದೆ. ಪುನೀತ್ ರಾಜ್‌ಕುಮಾರ್ 2021ರ ಅಕ್ಟೋಬರ್ 29ರಂದು ತೀರಿಕೊಂಡಾಗ ಬೆಂಗಳೂರಿನ ನಾರಾಯಣ ನೇತ್ರಾಲಯದ ವೈದ್ಯರು ಅವರ ಎರಡು ಕಾರ್ನಿಯಾಗಳನ್ನು ಮೇಲ್ಪದರ, ಒಳಪದರ ಎಂದು ಬೇರ್ಪಡಿಸಿ ನಾಲ್ಕು ಜನರಿಗೆ ದೃಷ್ಟಿ ಕೊಟ್ಟರು. ಆ ಸುದ್ದಿ ಓದಿ ಕಣ್ಣು ತುಂಬಿಕೊಂಡವರಲ್ಲಿ ನಾನೂ ಒಬ್ಬ. ಪದರ ಬಿಡಿಸಲು ಬರುತ್ತದೆ ಎಂಬ ಈ ಗುಣವೇ ಲಾಸಿಕ್ ಚಿಕಿತ್ಸೆಗೂ ಆಧಾರ. ಮೇಲಿನ ಒಂದು ಹಾಳೆಯಷ್ಟು ಪದರವನ್ನು ಒಂದು ಅಂಚು ಉಳಿಸಿ ಪುಸ್ತಕದ ಪುಟದಂತೆ ಎತ್ತಿ, ಅದರಡಿಯನ್ನು ಲೇಸರಿನಿಂದ ತುಸುವೇ ಸವೆಸಿ, ಪುಟವನ್ನು ಮತ್ತೆ ಮುಚ್ಚುತ್ತಾರೆ. ಹೊಲಿಗೆ ಬೇಡ. ಒಂದು ಪವರ್ ತೆಗೆಯಲು ಸುಮಾರು 12ರಿಂದ 15 ಮೈಕ್ರಾನ್ ಸವೆಸಬೇಕು. ನಮ್ಮ ಹುಡುಗನ ಮೈನಸ್ ನಾಲ್ಕಕ್ಕೆ ಅರ್ಧ ಹಾಳೆ ದಪ್ಪ ಹೋದರೆ ಮುಗಿಯಿತು.

ಸವೆಸುವ ಯಂತ್ರದ ಹೆಸರು ಎಕ್ಸೈಮರ್ ಲೇಸರ್. ಮದ್ರಾಸಿನಲ್ಲಿ ಹುಟ್ಟಿ ಓದಿದ ರಂಗಸ್ವಾಮಿ ಶ್ರೀನಿವಾಸನ್ ಅಮೆರಿಕದ ಐಬಿಎಂ ಪ್ರಯೋಗಾಲಯದಲ್ಲಿದ್ದರು. 1981ರ ನವೆಂಬರಿನಲ್ಲಿ, ಹಬ್ಬದೂಟದಲ್ಲಿ ಉಳಿದ ಟರ್ಕಿ ಕೋಳಿಯ ತುಂಡನ್ನು ಮಾರನೆಯ ದಿನ ಪ್ರಯೋಗಾಲಯಕ್ಕೆ ಒಯ್ದು ಈ ಲೇಸರಿಗೆ ಹಿಡಿದರು. ಅಕ್ಕಪಕ್ಕ ಸುಡದೆ, ಕಪ್ಪಾಗದೆ, ಅಚ್ಚುಕಟ್ಟಾದ ಗೀರು ಬಿತ್ತು. ಇದು 193 ನ್ಯಾನೊಮೀಟರಿನ ನೇರಳಾತೀತ ಕಿರಣ. ಕಾಯಿಸಿ ಸುಡುವುದಕ್ಕಿಂತ ಅಣುಗಳ ನಡುವಿನ ಬೆಸುಗೆಯನ್ನೇ ಮುರಿದು ಚಿಮ್ಮಿಸುತ್ತದೆ. ಒಂದು ಮಿಡಿತಕ್ಕೆ ಸುಮಾರು ಕಾಲು ಮೈಕ್ರಾನ್ ಹೋಗುತ್ತದೆ. ಮೇಲಿನ ಕೆಲವೇ ಮೈಕ್ರಾನ್‌ನಲ್ಲಿ ಪೂರ್ತಿ ಇಂಗಿಬಿಡುವುದರಿಂದ ಈ ಕಿರಣ ಕಣ್ಣಿನ ಒಳಗಿನ ಅಕ್ಷಿಪಟಲದವರೆಗೆ ಹೋಗುವುದೇ ಇಲ್ಲ. ಈ ಕಿರಣ ಕಣ್ಣಿಗೆ ಕಾಣುವಂಥದ್ದೂ ಅಲ್ಲ. ಮೇಜಿನ ಮೇಲೆ ಮಲಗಿದವರಿಗೆ ಕಾಣುವ ಹಸಿರು ಚುಕ್ಕೆ (ಕೆಲವು ಯಂತ್ರಗಳಲ್ಲಿ ಕೆಂಪು) ಲೇಸರ್ ಅಲ್ಲ, ದಿಟ್ಟಿ ನೆಡಲು ಇಟ್ಟ ದೀಪ.

ಆ ದೀಪದಲ್ಲೇ ಎಚ್ಚರದ ಗುಟ್ಟಿದೆ. ನಾವು ನೋಡುವ ಗೆರೆ ಕಣ್ಣಿನ ಪಾಪೆಯ ಸರಿಮಧ್ಯದಿಂದಲೇ ಹಾದುಹೋಗಬೇಕೆಂದಿಲ್ಲ, ಒಬ್ಬೊಬ್ಬರಿಗೆ ತುಸು ಆಚೀಚೆ ಇರುತ್ತದೆ. ಆ ಗೆರೆ ಎಲ್ಲಿದೆ ಎಂದು ತೋರಿಸಬಲ್ಲವರು ನೋಡುತ್ತಿರುವವರು ಮಾತ್ರ. ಮಲಗಿಸಿಬಿಟ್ಟರೆ ಕಣ್ಣುಗುಡ್ಡೆ ಮೇಲಕ್ಕೆ ಹೊರಳುತ್ತದೆ. ತೊಟ್ಟಿಲಲ್ಲಿ ನಿದ್ದೆ ಹೋದ ಕೂಸಿನ ಅರೆತೆರೆದ ರೆಪ್ಪೆಯ ಕೆಳಗೆ ಬರೀ ಬಿಳಿ ಕಾಣುವುದನ್ನು ನೋಡಿರುತ್ತೀರಿ, ಹಾಗೆ. ಹೊರಳಿದ ಕಣ್ಣಿನಲ್ಲಿ ನೋಟದ ಗೆರೆ ಹುಡುಕುವುದು ಹೇಗೆ? ಅಲ್ಲದೆ ಕೆಲವೇ ನಿಮಿಷದ ಕೆಲಸಕ್ಕೆ ಇಡೀ ಮೈಗೆ ಅರಿವಳಿಕೆಯ ಅಪಾಯ ಹೊರುವುದು ತರವಲ್ಲ. ತೀರಾ ಕಳವಳ ಇದ್ದವರಿಗೆ ಮನಸ್ಸು ಹಗುರಾಗುವ ಒಂದು ಮಾತ್ರೆ ಕೊಡುತ್ತಾರೆ, ನಿದ್ದೆ ಬರಿಸುವಷ್ಟು ಕೊಡುವುದಿಲ್ಲ.

ಒಳಗೆ ಹೋದಾಗ ಮೊದಲು ತಿಳಿಯುವುದು ಚಳಿ. ಕಾರ್ನಿಯಾದ ಮೇಲಿನ ತೇವ ಹೆಚ್ಚುಕಡಿಮೆಯಾದರೆ ಲೇಸರಿನ ಲೆಕ್ಕ ತಪ್ಪುವುದರಿಂದ ಕೋಣೆಯ ಉಷ್ಣಾಂಶ, ತೇವಾಂಶ ಎರಡನ್ನೂ ಹಿಡಿತದಲ್ಲಿಡುತ್ತಾರೆ. ನಮ್ಮ ಕಡೆಯ ಮಳೆಗಾಲದ ಥಂಡಿ ಗಾಳಿ ಅಲ್ಲಿಗೆ ಸುಳಿಯುವಂತಿಲ್ಲ. ಸೆಂಟು ಹಾಕಿಕೊಂಡು ಬರಬೇಡಿ ಎನ್ನುವುದೂ ಇದಕ್ಕೇ. ಅದರ ಆವಿ ಕಿರಣದ ದಾರಿಗೆ ಅಡ್ಡ ಬರುತ್ತದೆ.

ಮಲಗಿದ ಮೇಲೆ ಹನಿ ಬೀಳುತ್ತದೆ, ಒಂದು ಕ್ಷಣ ಉರಿದು ತಣ್ಣಗಾಗುತ್ತದೆ. ಇನ್ನೊಂದು ಕಣ್ಣು ಮುಚ್ಚುತ್ತಾರೆ. ರೆಪ್ಪೆಗಳ ನಡುವೆ ತೆಳು ತಂತಿಯ ಚಿಮಟ ಕೂರಿಸುತ್ತಾರೆ. ಕಣ್ಣು ಮಿಟುಕಿಸಿಬಿಟ್ಟರೆ ಎಂಬ ಭಯ ಅಲ್ಲಿಗೆ ಮುಗಿಯಿತು, ಮಿಟುಕಿಸಲು ಆಗುವುದೇ ಇಲ್ಲ. ಮುಂದಿನದನ್ನು ಮೊದಲೇ ತಿಳಿದುಕೊಂಡು ಹೋಗಬೇಕು, ಗೊತ್ತಿಲ್ಲದವರು ಗಾಬರಿ ಬೀಳುವುದು ಇಲ್ಲೇ. ಪದರ ಬಿಡಿಸುವ ಲೇಸರ್ ಬೇರೆ, ಅದರ ಹೆಸರು ಫೆಮ್ಟೊಸೆಕೆಂಡ್. ಅದು ಕೆಲಸ ಮಾಡುವಾಗ ಕಣ್ಣು ಅಲುಗದಂತೆ ಒಂದು ಉಂಗುರ ಗಾಳಿ ಎಳೆದು ಹಿಡಿಯುತ್ತದೆ. ಬೆರಳಿಂದ ಬಲವಾಗಿ ಅದುಮಿದ ಹಾಗೆ ಅನ್ನಿಸುತ್ತದೆ. ಕಣ್ಣಿನೊಳಗಿನ ಒತ್ತಡ ಏರಿ ಅಕ್ಷಿಪಟಲಕ್ಕೆ ಹೋಗುವ ರಕ್ತ ಅರೆಕ್ಷಣ ತಗ್ಗುವುದರಿಂದ ನೋಟ ಮಬ್ಬಾಗಿ, ಕೆಲವರಿಗೆ ಪೂರ್ತಿ ಕತ್ತಲಾಗುತ್ತದೆ. ಕುರುಡಾದೆ ಅಂದುಕೊಳ್ಳಬೇಡಿ. ಇಪ್ಪತ್ತು, ಮೂವತ್ತು ಸೆಕೆಂಡು, ಉಂಗುರ ಬಿಟ್ಟೊಡನೆ ಬೆಳಕು ಬರುತ್ತದೆ.

ಪದರ ಎತ್ತಿದಾಗ ದೀಪ ಹರಡಿಕೊಂಡು, ನೀರಿನಡಿಯಿಂದ ನೋಡಿದಂತಾಗುತ್ತದೆ. ಡಾಕ್ಟರು "ದೀಪವನ್ನೇ ನೋಡ್ತಾ ಇರಿ" ಎನ್ನುತ್ತಾರೆ. ಟಕಟಕ ಸದ್ದು. ಕೂದಲು ಸುಟ್ಟಂಥ ವಾಸನೆ. ಇದು ಕಣ್ಣು ಸುಡುವ ವಾಸನೆಯಲ್ಲ, ಬೆಸುಗೆ ಮುರಿದು ಹಾರಿದ ಕಣಗಳದ್ದು. ಸಾಮಾನ್ಯ ಪವರ್ ಆದರೆ ಅರ್ಧ ನಿಮಿಷದ ಆಚೀಚೆ. ಅಷ್ಟರಲ್ಲಿ ಕಣ್ಣು ತುಸು ಅಲುಗಿದರೆ? ಕ್ಯಾಮೆರಾ ಪಾಪೆಯನ್ನು ಸೆಕೆಂಡಿಗೆ ನೂರಾರು ಸಲ, ಕೆಲವು ಯಂತ್ರಗಳಲ್ಲಿ ಸಾವಿರಕ್ಕೂ ಹೆಚ್ಚು ಸಲ ನೋಡುತ್ತಾ ಕಿರಣವನ್ನು ಹಿಂದೆಯೇ ಸರಿಸುತ್ತದೆ. ಕೆಮ್ಮು ಬಂದು ತಲೆಯೇ ಆಡಿದರೆ ಲೇಸರ್ ತಾನಾಗಿ ನಿಲ್ಲುತ್ತದೆ, ಮತ್ತೆ ನಿಂತಲ್ಲಿಂದಲೇ ಮುಂದುವರಿಯುತ್ತದೆ. ಕೆಮ್ಮು ಬರುವ ಹಾಗಿದ್ದರೆ ಬಾಯಿಬಿಟ್ಟು ಹೇಳಿ, ಮಾತಾಡಲು ಅಡ್ಡಿಯಿಲ್ಲ. ಎಚ್ಚರವಿರುವುದರ ಇನ್ನೊಂದು ಲಾಭ ಅದು.

ಎರಡೂ ಕಣ್ಣು ಸೇರಿ ಇಪ್ಪತ್ತು, ಇಪ್ಪತ್ತೈದು ನಿಮಿಷ. ಹನಿಯ ಅಮಲು ಇಳಿದ ಮೇಲೆ ನಾಲ್ಕೈದು ಗಂಟೆ ಈರುಳ್ಳಿ ಹೆಚ್ಚಿದ ಹಾಗೆ ಉರಿ, ನೀರು. ಆ ಹೊತ್ತಿನಲ್ಲಿ ನಿದ್ದೆ ಮಾಡುವುದೇ ಒಳ್ಳೆಯದು. ಮಾರನೆಯ ದಿನ ಹೆಚ್ಚಿನವರಿಗೆ ಗೋಡೆಯ ಕ್ಯಾಲೆಂಡರಿನ ತಿಥಿ, ನಕ್ಷತ್ರ ಓದಲು ಬರುತ್ತದೆ. ರಾತ್ರಿ ದೀಪದ ಸುತ್ತ ಪ್ರಭಾವಳಿ ಕೆಲವು ವಾರ, ಕಣ್ಣು ಒಣಗಿದಂತಾಗುವುದು ಕೆಲವು ತಿಂಗಳು ಇರಬಹುದು. ಕೆಲವರಿಗೆ ಇನ್ನೂ ಹೆಚ್ಚು ದಿನ ಕಾಡುತ್ತದೆ. ನಲವತ್ತು ದಾಟಿದ ಮೇಲೆ ಬರುವ ಚಾಳೀಸು ಲೇಸರ್ ಮಾಡಿಸಿಕೊಂಡವರಿಗೂ ತಪ್ಪುವುದಿಲ್ಲ.

ಎಲ್ಲರಿಗೂ ಇದು ಆಗುವುದಿಲ್ಲ. ಹದಿನೆಂಟು ತುಂಬಿರಬೇಕು, ಪವರ್ ಒಂದು ವರ್ಷವಾದರೂ ನಿಂತಿರಬೇಕು, ಕಾರ್ನಿಯಾ ಸಾಕಷ್ಟು ದಪ್ಪ ಇರಬೇಕು, ಕೋನಾಕಾರಕ್ಕೆ ಉಬ್ಬುವ ಲಕ್ಷಣ ಇರಬಾರದು. ತಪಾಸಣೆ ಮಾಡಿ "ನಿಮಗೆ ಬೇಡ" ಎಂದ ವೈದ್ಯರ ಮಾತನ್ನು ಮೀರಿ ಇನ್ನೊಂದು ಕಡೆ ಹೋಗಬೇಡಿ.

ನಮ್ಮ ಮೂರು ತಾಲೂಕಿನವರು ಒಂದು ವಿಷಯವನ್ನು ವಿಶೇಷವಾಗಿ ಯೋಚಿಸಬೇಕು. ಎತ್ತಿ ಮುಚ್ಚಿದ ಪದರ ಅಂಟಿಕೊಳ್ಳುತ್ತದೆ, ಆದರೆ ಮೊದಲಿನಷ್ಟು ಬಿಗಿಯಾಗುವುದಿಲ್ಲ. ಸೋಗೆಯ ಅಂಚೋ ದೋಟಿಯ ತುದಿಯೋ ಬಲವಾಗಿ ಬಡಿದರೆ ವರ್ಷಗಳ ನಂತರವೂ ಅದು ಜಾರಬಹುದು. ಪದರ ಎತ್ತದೆ ಮೇಲಿಂದಲೇ ಸವೆಸುವ ಪಿಆರ್‌ಕೆ ವಿಧಾನವಿದೆ. ಮೂರು, ನಾಲ್ಕು ದಿನ ನೋವು ಜಾಸ್ತಿ, ದೃಷ್ಟಿ ನಿಧಾನವಾಗಿ ತಿಳಿಯಾಗುತ್ತದೆ, ಆದರೆ ಜಾರಲು ಪದರವೇ ಇಲ್ಲ. ಸಣ್ಣ ಸೀಳಿನಿಂದ ಒಳಗಿನ ತುಣುಕು ತೆಗೆಯುವ ಸ್ಮೈಲ್ ವಿಧಾನದಲ್ಲೂ ಪುಟ ಎತ್ತುವುದಿಲ್ಲ. ಯಾವುದೇ ಆಗಲಿ, ಬಚ್ಚಲ ಹಂಡೆಯ ಹೊಗೆ, ಅಡಿಕೆ ಸಿಪ್ಪೆಯ ಧೂಳು, ಕಣ್ಣುಜ್ಜುವ ಅಭ್ಯಾಸ ಇವುಗಳಿಂದ ವೈದ್ಯರು ಹೇಳಿದಷ್ಟು ದಿನ ದೂರ ಇರಬೇಕು. ಕೊಳೆ ಔಷಧಿಯ ಕಾಲದಲ್ಲಿ ಮಾಡಿಸಿಕೊಳ್ಳಬೇಡಿ. ಸುಣ್ಣ ಕಾರ್ನಿಯಾದ ದೊಡ್ಡ ಶತ್ರು. ಇಷ್ಟು ದಿನ ಆ ಹುಡುಗನ ಕಣ್ಣು ಕಾದದ್ದು ನೀಲಿ ಚುಕ್ಕೆ ಬಿದ್ದ ಅದೇ ಕನ್ನಡಕ. ಪವರ್ ಹೋದ ಮೇಲೂ ಔಷಧಿ ಹೊಡೆಯುವಾಗ ರಕ್ಷಣೆಯ ಕನ್ನಡಕ ಹಾಕಲೇಬೇಕು.

ಶಿವಮೊಗ್ಗಕ್ಕೆ ಹೋಗಿ, ಆಗುಂಬೆ ಘಟ್ಟ ಇಳಿದು ಮಣಿಪಾಲಕ್ಕೆ ಹೋಗಿ, ಬೆಂಗಳೂರಿಗೇ ಹೋಗಿ. ತಪಾಸಣೆಯ ಮೊದಲ ದಿನವೇ ವೈದ್ಯರಿಗೆ ಹೇಳಿ: ನಾನು ಮರ ಹತ್ತುವವನು, ಸುಣ್ಣದ ಔಷಧಿ ಹೊಡೆಯುವವನು. ಯಾವ ವಿಧಾನ ಎಂದು ಅವರು ತೀರ್ಮಾನಿಸುವುದು ಅದರ ಮೇಲೆ.