ಮೈಲುತುತ್ತದ ಧಾರಣೆ: ಬೆಳೆಗಾರರು ತಿಳಿದಿರಬೇಕಾದ ಲೆಕ್ಕ

ಮುಂಗಾರು ಹತ್ತಿರವಾಗುತ್ತಿದ್ದಂತೆ ಸಂಘದ ಮಳಿಗೆಗೆ ಬರುವ ಸದಸ್ಯ ಬಾಂಧವರು ಮೊದಲು ಕೇಳುವ ಪ್ರಶ್ನೆ, "ಈ ಸಲ ತುತ್ತಕ್ಕೆ ಏನು ರೇಟು?" ಎಂಬುದು. ಉತ್ತರ ಕೇಳಿ ಹುಬ್ಬೇರಿಸುವವರೂ ಉಂಟು, ಸಂಘವನ್ನೇ ತರಾಟೆಗೆ ತೆಗೆದುಕೊಳ್ಳುವವರೂ ಉಂಟು. ಪ್ರಶ್ನೆ ನ್ಯಾಯವಾದದ್ದೇ. ಆದುದರಿಂದ ಈ ಬೆಲೆ ಎಲ್ಲಿ ಹುಟ್ಟುತ್ತದೆ, ಏಕೆ ಏರುತ್ತದೆ, ಏರಿದಾಗ ನಾವು ಏನು ಮಾಡಬೇಕು, ಏನು ಮಾಡಬಾರದು ಎಂಬುದನ್ನು ಸ್ವಲ್ಪ ವಿವರವಾಗಿ ನೋಡೋಣ.

ತೋಟಕ್ಕೆ ತುತ್ತ ಬಂದ ಬಗೆ

ಫ್ರಾನ್ಸಿನ ಬೋರ್ಡೋ ಪ್ರಾಂತದ ದ್ರಾಕ್ಷಿ ತೋಟಗಳಲ್ಲಿ ಮಿಲಾರ್ಡೆ ಎಂಬ ವಿಜ್ಞಾನಿ ತುತ್ತ ಮತ್ತು ಸುಣ್ಣದ ದ್ರಾವಣದ ಗುಣವನ್ನು 1885ರಲ್ಲಿ ಪ್ರಕಟಪಡಿಸಿದರು. ನಮ್ಮಲ್ಲಿ ಆಗ ಕೊಳೆರೋಗಕ್ಕೆ ಇದ್ದ ಉಪಾಯ ಗೊನೆಗಳಿಗೆ ಕೊಟ್ಟೆ ಕಟ್ಟುವುದು. ಮೈಸೂರು ಸಂಸ್ಥಾನದ ಸೇವೆಗೆ ಬಂದ ಲೆಸ್ಲಿ ಕೋಲ್ಮನ್ ಅವರು ಈ ರೋಗದ ಕುರಿತಾದ ತಮ್ಮ ಸಂಶೋಧನೆಯನ್ನು 1910ರಲ್ಲಿ ಪ್ರಕಟಿಸಿ, ಬೋರ್ಡೋ ದ್ರಾವಣ ಹೊಡೆಯುವ ಪದ್ಧತಿಗೆ ದಾರಿ ಮಾಡಿದರು. ಅಡಿಕೆಯ ಕೊಳೆಗೂ ಕಾಫಿಯ ಎಲೆತುಕ್ಕು ರೋಗಕ್ಕೂ ಇಂದಿಗೂ ನಾವು ನೆಚ್ಚಿರುವುದು ಇದನ್ನೇ.

ಬೆಲೆ ಹುಟ್ಟುವುದೆಲ್ಲಿ?

ತುತ್ತವೆಂದರೆ ತಾಮ್ರವನ್ನು, ಬಹುಮಟ್ಟಿಗೆ ಗುಜರಿ ತಾಮ್ರವನ್ನು, ಗಂಧಕಾಮ್ಲದಲ್ಲಿ ಕರಗಿಸಿ ಹರಳುಗಟ್ಟಿಸಿದ ವಸ್ತು. ನೂರು ಕಿಲೋ ಶುದ್ಧ ತುತ್ತದಲ್ಲಿ ತಾಮ್ರ ಸುಮಾರು 25.5 ಕಿಲೋ. ಹರಳಿನೊಳಗೆ ಸೇರಿಕೊಂಡ ನೀರೇ ಸುಮಾರು 36 ಕಿಲೋ. ಆದರೆ ಖರ್ಚಿನ ಸಿಂಹಪಾಲು ಆ ಕಾಲು ಭಾಗ ತಾಮ್ರದ್ದು. ಆದ್ದರಿಂದ ತಾಮ್ರ ಹೋದತ್ತ ತುತ್ತ ಹೋಗುತ್ತದೆ.

ತಾಮ್ರದ ದರ ನಿಷ್ಕರ್ಷೆಯಾಗುವುದು ಲಂಡನ್ನಿನ ಲೋಹ ವಿನಿಮಯ ಕೇಂದ್ರದಲ್ಲಿ, ಡಾಲರಿನಲ್ಲಿ. ಅದರ ಏರಿಳಿತ ಅಡಿಕೆ ಧಾರಣೆಯನ್ನೂ ಮೀರಿಸುವಂಥದು. 2001ರ ಕೊನೆಯಲ್ಲಿ ಟನ್ನಿಗೆ 1,500 ಡಾಲರಿಗಿಂತ ಕೆಳಗಿದ್ದದ್ದು 2006ರ ಮೇ ತಿಂಗಳಲ್ಲಿ 8,000 ದಾಟಿತು. 2008ರ ಡಿಸೆಂಬರಿನಲ್ಲಿ 3,000ಕ್ಕಿಂತ ಕೆಳಗೆ ಕುಸಿಯಿತು. 2011ರ ಫೆಬ್ರವರಿಯಲ್ಲಿ 10,000 ದಾಟಿ, 2016ರ ಜನವರಿಯಲ್ಲಿ 4,500ಕ್ಕಿಂತ ಕೆಳಗಿಳಿದು, 2024ರ ಮೇ ತಿಂಗಳಲ್ಲಿ 11,000 ಮೀರಿತು.

ಇದರ ಮೇಲೆ ರೂಪಾಯಿಯ ಲೆಕ್ಕವೂ ಸೇರುತ್ತದೆ. 2011ರ ಆರಂಭದಲ್ಲಿ ಡಾಲರಿಗೆ ಸುಮಾರು 45 ರೂಪಾಯಿ. ಟನ್ನಿಗೆ 10,000 ಡಾಲರಿನಂತೆ, ಒಂದು ಕಿಲೋ ತುತ್ತದೊಳಗಿನ ತಾಮ್ರದ ಮೌಲ್ಯ ಸುಮಾರು 115 ರೂಪಾಯಿ ಆಗುತ್ತಿತ್ತು. 2024ರಲ್ಲಿ ಡಾಲರಿಗೆ ಸುಮಾರು 83 ರೂಪಾಯಿ. ಅದೇ 10,000 ಡಾಲರಿನ ಲೆಕ್ಕದಲ್ಲಿ ಅದು ಸುಮಾರು 211 ರೂಪಾಯಿ. ಲಂಡನ್ನಿನಲ್ಲಿ ದರ ಏರದಿದ್ದರೂ ನಮ್ಮ ಜೇಬಿಗೆ ಭಾರ ಹೆಚ್ಚಾಗುವುದು ಹೀಗೆ.

ದೇಶದೊಳಗಿನ ಪರಿಸ್ಥಿತಿ

ಮಧ್ಯಪ್ರದೇಶದ ಮಲಾಂಜ್‌ಖಂಡ, ರಾಜಸ್ಥಾನದ ಖೇತ್ರಿಗಳಲ್ಲಿ ನಮ್ಮದೇ ತಾಮ್ರದ ಗಣಿಗಳಿವೆ. ಆದರೂ ಕರಗಿಸುವ ಕಾರ್ಖಾನೆಗಳಿಗೆ ಬೇಕಾದ ಅದಿರಿನ ಬಹುಪಾಲು ಹೊರದೇಶದಿಂದಲೇ ಬರಬೇಕು. ವರ್ಷಕ್ಕೆ 4 ಲಕ್ಷ ಟನ್ ಸಾಮರ್ಥ್ಯದ ತೂತ್ತುಕುಡಿಯ ಕಾರ್ಖಾನೆ, ಮಾಲಿನ್ಯದ ವಿರುದ್ಧ ನಡೆದ ಚಳವಳಿ ಮತ್ತು ಗೋಲಿಬಾರಿನಲ್ಲಾದ ಪ್ರಾಣಹಾನಿಯ ನಂತರ 2018ರ ಮೇ ತಿಂಗಳಲ್ಲಿ ಮುಚ್ಚಿತು. ಅದುವರೆಗೆ ಶುದ್ಧ ತಾಮ್ರವನ್ನು ತರಿಸುವುದಕ್ಕಿಂತ ಹೆಚ್ಚಾಗಿ ಕಳುಹಿಸುತ್ತಿದ್ದ ಭಾರತ, 2018–19ರಲ್ಲಿ ಕಳುಹಿಸುವುದಕ್ಕಿಂತ ಹೆಚ್ಚಾಗಿ ತರಿಸುವ ದೇಶವಾಯಿತು. ಗುಜರಾತಿನ ಮುಂದ್ರಾದಲ್ಲಿ 5 ಲಕ್ಷ ಟನ್ ಸಾಮರ್ಥ್ಯದ ಹೊಸ ಕಾರ್ಖಾನೆ 2024ರಲ್ಲಿ ಕೆಲಸ ಆರಂಭಿಸಿತು. ಇದರಿಂದ ಸರಬರಾಜು ಸುಧಾರಿಸಬಹುದು. ಆದರೆ ದರ ಮಾತ್ರ ಲಂಡನ್ನನ್ನೇ ಅನುಸರಿಸುತ್ತದೆ.

ಲೀಟರಿಗೆ ಒಂದು ರೂಪಾಯಿ

ಬೆಲೆ ಏರಿದಾಗ ಕೆಲವರು ಎರಡು ತಪ್ಪು ಮಾಡುತ್ತಾರೆ. ಒಂದು, ಡ್ರಮ್ಮಿಗೆ ಹಾಕುವ ತುತ್ತವನ್ನು ಕಡಮೆ ಮಾಡುವುದು. ಇನ್ನೊಂದು, ಎರಡನೆಯ ಸಿಂಪಡಣೆಯನ್ನು ಕೈಬಿಡುವುದು. ಲೆಕ್ಕ ಹಾಕಿ ನೋಡಿ. ಶೇ. 1ರ ದ್ರಾವಣಕ್ಕೆ 100 ಲೀಟರ್ ನೀರಿಗೆ ಒಂದು ಕಿಲೋ ತುತ್ತ, ಒಂದು ಕಿಲೋ ಸುಣ್ಣ. ತುತ್ತಕ್ಕೆ ಕಿಲೋ ಮೇಲೆ ನೂರು ರೂಪಾಯಿ ಏರಿದರೂ ದ್ರಾವಣಕ್ಕೆ ಏರುವುದು ಲೀಟರಿಗೆ ಒಂದು ರೂಪಾಯಿ, 200 ಲೀಟರಿನ ಡ್ರಮ್ಮಿಗೆ ಇನ್ನೂರು ರೂಪಾಯಿ. ಮರ ಹತ್ತುವವರ ಕೂಲಿ ತುತ್ತ ಕಡಮೆ ಹಾಕಿದರೂ ಅಷ್ಟೇ, ಸರಿಯಾಗಿ ಹಾಕಿದರೂ ಅಷ್ಟೇ. ಒಂದೆರಡು ಗೊನೆ ಕೊಳೆತು ಉದುರಿದರೆ ಆ ಇನ್ನೂರು ರೂಪಾಯಿಯ ಉಳಿತಾಯ ಅಲ್ಲಿಗೇ ಮುಗಿಯಿತು. 2013 ಮತ್ತು 2018ರ ಮಳೆಗಾಲದ ಕೊಳೆಯನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಅಗ್ಗದ ತುತ್ತದ ಬಗ್ಗೆ ಎಚ್ಚರ

ಧಾರಣೆ ಏರಿದ ವರ್ಷ ಅಗ್ಗದ ಮಾಲು ಹುಡುಕುವ ಮನಸ್ಸಾಗುವುದು ಸಹಜ. ಆಗ ಇದೊಂದು ಲೆಕ್ಕ ನೆನಪಿರಲಿ. ಪತ್ರಿಕೆಯ ವಾಣಿಜ್ಯ ಪುಟದಲ್ಲಿ ತಾಮ್ರದ ಕಿಲೋ ದರವನ್ನು ನೋಡಿ, ನಾಲ್ಕರಿಂದ ಭಾಗಿಸಿ. ತಾಮ್ರ ಕಿಲೋಗೆ 800 ರೂಪಾಯಿ ಇದ್ದರೆ ತುತ್ತದೊಳಗಿನ ತಾಮ್ರವೇ 200 ರೂಪಾಯಿಯದು. ಗುಜರಿ ತಾಮ್ರ ಸ್ವಲ್ಪ ಅಗ್ಗವಾದರೂ ಆಮ್ಲ, ಕೂಲಿ, ಸಾಗಣೆ, ತೆರಿಗೆ ಬೇರೆ ಇದೆಯಲ್ಲ! ಈ ಮೊತ್ತಕ್ಕಿಂತ ಬಹಳ ಕೆಳಗಿನ ದರಕ್ಕೆ ಯಾರಾದರೂ ಕೊಟ್ಟರೆ, ಅದರಲ್ಲಿ ತಾಮ್ರ ಎಷ್ಟಿದೆ ಎಂದು ಅನುಮಾನಿಸಲೇಬೇಕು.

ಕಲಬೆರಕೆಗೆ ಸಾಮಾನ್ಯವಾಗಿ ಬಳಸುವುದು ಅನ್ನಭೇದಿಯನ್ನು. ಚಿಟಿಕೆ ತುತ್ತವನ್ನು ಗಾಜಿನ ಲೋಟದ ನೀರಿನಲ್ಲಿ ಕರಗಿಸಿ, ಅಮೋನಿಯಾ ದ್ರಾವಣವನ್ನು ಸ್ವಲ್ಪ ಸ್ವಲ್ಪವಾಗಿ ಧಾರಾಳವಾಗಿ ಸೇರಿಸಿ. ಒಳ್ಳೆಯ ತುತ್ತವಾದರೆ ತಿಳಿಯಾದ ಕಡುನೀಲಿ ಬಣ್ಣ ಬರುತ್ತದೆ. ತಳದಲ್ಲಿ ಕಂದು ಗಸಿ ನಿಂತರೆ ಕಬ್ಬಿಣದ ಅಂಶ ಬೆರೆತಿದೆ ಎಂದೇ ತಿಳಿಯಬೇಕು. ಚೀಲದ ಮೇಲೆ ತಯಾರಕರ ಹೆಸರು, ತಾಮ್ರದ ಶೇಕಡಾ ಪ್ರಮಾಣ ನೋಡಿ, ಬಿಲ್ಲು ಪಡೆದೇ ಕೊಳ್ಳತಕ್ಕದ್ದು.

ಒಟ್ಟಾಗಿ ಕೊಳ್ಳೋಣ

ಮೇ ಕೊನೆಯ ವಾರದಲ್ಲಿ ಅಡಿಕೆಯವರೂ ಕಾಫಿಯವರೂ ಒಮ್ಮೆಗೇ ಅಂಗಡಿಗೆ ನುಗ್ಗಿದರೆ ಚೌಕಾಸಿಗೆ ಅವಕಾಶವೆಲ್ಲಿ? ತುತ್ತ ಕೆಡುವ ವಸ್ತುವಲ್ಲ. ತೇವ ತಾಗದಂತೆ ಪ್ಲಾಸ್ಟಿಕ್ ಚೀಲದಲ್ಲಿ ಬಾಯಿ ಕಟ್ಟಿ, ಮಕ್ಕಳ ಮತ್ತು ಜಾನುವಾರುಗಳ ಕೈಗೆ ಬಾಯಿಗೆ ಸಿಗದಂತೆ ಇಟ್ಟರೆ ತಿಂಗಳುಗಟ್ಟಲೆ ಇರುತ್ತದೆ. ಕಬ್ಬಿಣದ ಡಬ್ಬಿಯಲ್ಲಿ ಮಾತ್ರ ಇಡಕೂಡದು. ಕಳೆದ ವರ್ಷ ಎಷ್ಟು ಡ್ರಮ್ಮು ದ್ರಾವಣ ಹೋಯಿತೆಂದು ನೋಡಿ, ನಿಮ್ಮ ಅಗತ್ಯವನ್ನು ಬೇಸಿಗೆಯ ಆರಂಭದಲ್ಲೇ ಸಂಘಕ್ಕೆ ತಿಳಿಸಿದರೆ, ಎಲ್ಲರ ಬೇಡಿಕೆ ಕೂಡಿಸಿ ಒಂದೇ ಸಲ ದರ ಕೇಳಬಹುದು, ಮಾದರಿಯನ್ನು ಪರೀಕ್ಷಿಸಿಯೇ ಮಾಲು ಇಳಿಸಿಕೊಳ್ಳಬಹುದು. ಐದು ಕಿಲೋ ಕೊಳ್ಳುವ ಸಣ್ಣ ಹಿಡುವಳಿದಾರನಿಗೂ ಐದು ಕ್ವಿಂಟಲ್ ಕೊಳ್ಳುವವನ ದರವೇ ಸಿಗಲು ಇದೊಂದೇ ದಾರಿ.

ಲಂಡನ್ನಿನ ದರ ನಮ್ಮ ಕೈಯಲ್ಲಿಲ್ಲ, ಡಾಲರೂ ಇಲ್ಲ, ಮಳೆಯಂತೂ ಇಲ್ಲವೇ ಇಲ್ಲ. ಕೊಳ್ಳುವ ಕಾಲ, ಮಾಲಿನ ಪರೀಕ್ಷೆ, ದ್ರಾವಣದ ಪ್ರಮಾಣ, ಈ ಮೂರು ನಮ್ಮ ಕೈಯಲ್ಲಿವೆ. ಇವುಗಳಲ್ಲಿ ಸದಸ್ಯರು ಅಲಕ್ಷ್ಯ ಮಾಡಬಾರದೆಂದು ವಿನಂತಿ.