ಬೈರೂತ್ ಬೀದಿಯ ಕಣ್ಣು: ನದೀನ್ ಲಬಕಿ

ಕೋರ್ಟಿನಲ್ಲಿ ಹನ್ನೆರಡರ ಹುಡುಗನೊಬ್ಬ ನಿಂತಿದ್ದಾನೆ. ದೂರು ಅಪ್ಪ ಅಮ್ಮನ ಮೇಲೆ. ತನ್ನನ್ನು ಹುಟ್ಟಿಸಿದ್ದಕ್ಕೆ!

ಇದು 2018ರ ‘ಕೆಪರ್ನಾಮ್’. ನಿರ್ದೇಶಕಿ ಲೆಬನಾನ್‌ನ ನದೀನ್ ಲಬಕಿ. ಆ ಹುಡುಗ ವೃತ್ತಿನಟನಲ್ಲ, ಸಿರಿಯಾದಿಂದ ಬಂದ ನಿರಾಶ್ರಿತ. ಆರು ತಿಂಗಳ ಶೂಟಿಂಗ್, 500 ಗಂಟೆಗೂ ಹೆಚ್ಚು ಫುಟೇಜ್! ಮಕ್ಕಳನ್ನು ಅವಸರಪಡಿಸದೆ ಕಾದ ಕ್ಯಾಮೆರಾ ಅದು. ಅದಕ್ಕೇ ಆ ಮುಖದಲ್ಲಿ ನಟನೆ ಕಾಣೋದೇ ಇಲ್ಲ.

ನದೀನ್ ಮೊದಲು ಹೆಸರು ಮಾಡಿದ್ದು ಮ್ಯೂಸಿಕ್ ವಿಡಿಯೋಗಳಲ್ಲಿ. ಗಾಯಕಿ ನ್ಯಾನ್ಸಿ ಅಜ್ರಮ್ ಹಾಡುಗಳಿಗೆ. ಮೊದಲ ಸಿನಿಮಾ ‘ಕ್ಯಾರಮೆಲ್’: ಬೈರೂತ್‌ನ ಬ್ಯೂಟಿ ಪಾರ್ಲರ್, ಅಲ್ಲಿನ ಹೆಂಗಸರ ಗುಟ್ಟುಗಳು. ಯುದ್ಧದ ಸುದ್ದಿಯೇ ಇಲ್ಲ. ಆದರೆ ಶೂಟಿಂಗ್ ಮುಗಿದ ಕೆಲವೇ ದಿನಗಳಲ್ಲಿ, 2006ರ ಜುಲೈನಲ್ಲಿ, ಅದೇ ಊರಿನ ಮೇಲೆ ಬಾಂಬ್ ಬಿತ್ತು.

2007ರಲ್ಲಿ ಆ ಸಿನಿಮಾ ಕಾನ್ ಚಿತ್ರೋತ್ಸವದಲ್ಲಿ ತೆರೆ ಕಂಡಿತು. ಹನ್ನೊಂದು ವರ್ಷದ ಮೇಲೆ ‘ಕೆಪರ್ನಾಮ್’ಗೆ ಅಲ್ಲೇ ಜ್ಯೂರಿ ಪ್ರಶಸ್ತಿ. ಆಮೇಲೆ ಆಸ್ಕರ್ ನಾಮನಿರ್ದೇಶನ.